ಕತ್ತೆ ಕಲಿಸಿದ ವಿಜ್ಞಾನ

ಮಗಳ ಶಾಲೆಯಲ್ಲಿ ಒಂದು ಪ್ರಾಜೆಕ್ಟ್ ಕೊಟ್ಟಿದ್ದರು. ತಂದೆ ಅಥವಾ ತಾಯಿ ಚಿಕ್ಕವರಿದ್ದಾಗ ಟಿವಿಯಲ್ಲಿ ನೋಡುತ್ತಿದ್ದ, ಜ್ಞಾನ ಹೆಚ್ಚಿಸುವಂಥ ಒಂದು ಕಾರ್ಯಕ್ರಮದ ಬಗ್ಗೆ ಎರಡು ಪುಟ ಬರೆಯಬೇಕು, ಒಂದು ಚಿತ್ರವನ್ನೂ ಅಂಟಿಸಬೇಕು. ಮಗಳು ಆಗ ಏಳನೇ ಕ್ಲಾಸಿನಲ್ಲಿದ್ದಳು. ನಾವಿರುವುದು ಮಲ್ಲಾಪುರದ ಕ್ವಾರ್ಟರ್ಸಿನಲ್ಲಿ. ನಾನು ದಿನಾ ಕಂಪನಿ ಬಸ್ಸಿನಲ್ಲಿ ಕೈಗಾ ಅಣುಸ್ಥಾವರಕ್ಕೆ ಹೋಗಿ ಬರುವ ಟೆಕ್ನಿಷಿಯನ್. ಅಂದರೆ ವಿಜ್ಞಾನದಿಂದ ಹೊಟ್ಟೆ ಹೊರೆದುಕೊಳ್ಳುವವನು. ಇಂಥ ಪ್ರಶ್ನೆ ಮನೆಗೆ ಬಂದರೆ ಉತ್ತರ ಹೇಳುವ ಹಕ್ಕು ನನ್ನದೇ ಎಂದುಕೊಂಡೆ.

ಹೆಂಡತಿ ಮಾತ್ರ ಭಾನುವಾರ ಬೆಳಿಗ್ಗೆ ಬರುತ್ತಿದ್ದ ಪೌರಾಣಿಕ ಧಾರಾವಾಹಿಯ ಬಗ್ಗೆ ಬರೆ ಅಂದಳು. ನನಗೆ ಮೈ ಉರಿಯಿತು. ಅದನ್ನು ಯಾರು ನೋಡಿಲ್ಲ? ನನ್ನ ವಯಸ್ಸಿನವರ ವಾಟ್ಸಾಪ್ ಗುಂಪುಗಳಲ್ಲೆಲ್ಲ ಅದೇ ನಾಲ್ಕೈದು ಕಾರ್ಯಕ್ರಮಗಳ ಫೋಟೊ ಹಾಕಿ, ಅಳುವ ಮುಖದ ಚಿಹ್ನೆ ಒತ್ತಿ, "ಆ ದಿನಗಳು ಮತ್ತೆ ಬರುವುದಿಲ್ಲ" ಎಂದು ನಿಟ್ಟುಸಿರು ಬಿಡುತ್ತಾರೆ. ಬಾರದಿದ್ದರೆ ಒಳ್ಳೆಯದೇ ಆಯಿತು. ನಾನು ನೆನೆಯುವುದು ಬೇರೊಂದನ್ನು.

"ಕತ್ತೆ ಕಾರ್ಯಕ್ರಮದ ಬಗ್ಗೆ ಬರಿ," ಎಂದೆ.

"ಪಪ್ಪಾ, ಜ್ಞಾನ ಹೆಚ್ಚಿಸೂದಿರಬೇಕಂತೆ," ಎಂದಳು ಮಗಳು.

"ನನ್ನ ಜ್ಞಾನ ಎಲ್ಲ ಆ ಕತ್ತೆಯಿಂದಲೇ ಬಂದದ್ದು," ಎಂದೆ. ಅಡುಗೆಮನೆಯಿಂದ ಹೆಂಡತಿ, "ಅದು ನಂಗೆ ಮೊದ್ಲೇ ಅನ್ಸಿತ್ತು," ಎಂದಳು.

ನಾನು ಹುಟ್ಟಿ ಬೆಳೆದದ್ದು ಅವರ್ಸಾದಲ್ಲಿ. ಐದನೇ ಕ್ಲಾಸಿನಲ್ಲಿದ್ದಾಗ ನಮ್ಮ ಶಾಲೆಗೆ ಸರ್ಕಾರದ ಯಾವುದೋ ಯೋಜನೆಯಲ್ಲಿ ಒಂದು ಟಿವಿ ಬಂತು. ಗೋಣಿಚೀಲದಲ್ಲಿ ಸುತ್ತಿದ್ದ ಅದನ್ನು ಟೆಂಪೋದಿಂದ ಇಳಿಸಿದರು. ಹೆಡ್‌ಮಾಸ್ತರರು ಕಾಯಿ ಒಡೆದು, ಊದುಬತ್ತಿ ಹಚ್ಚಿ, ಪರದೆಯ ನಟ್ಟನಡುವೆ ಹೆಬ್ಬೆರಳಿನಿಂದ ಕುಂಕುಮ ಇಟ್ಟರು. ಎಣ್ಣೆ ಬೆರೆಸಿದ ಕುಂಕುಮ. ಮರುದಿನ ಒರೆಸಿದರೆ ಹೋಗಲಿಲ್ಲ, ಉಜ್ಜಿದರೆ ಇನ್ನಷ್ಟು ಹರಡಿತು. ಹೀಗಾಗಿ ಆ ಟಿವಿಯಲ್ಲಿ ಬಂದವರೆಲ್ಲ, ಸುದ್ದಿ ಓದುವವರು, ಕ್ರಿಕೆಟ್ ಆಡುವ ಇಂಗ್ಲೆಂಡಿನವರು, ಭಾಷಣ ಮಾಡುವ ಮಂತ್ರಿಗಳು, ಎಲ್ಲರೂ ಮುಖದ ಎಲ್ಲೋ ಒಂದು ಕಡೆ ಕುಂಕುಮ ಹಚ್ಚಿಕೊಂಡೇ ಬಂದರು. ಆಂಟೆನಾವನ್ನು ಹೆಂಚಿನ ಮಾಡಿನ ಮೇಲೆ ತೆಂಗಿನ ಹಗ್ಗದಿಂದ ಕಟ್ಟಿದ್ದರು. ಉಪ್ಪುಗಾಳಿಗೆ ಅದು ಮೂರೇ ತಿಂಗಳಲ್ಲಿ ತುಕ್ಕು ಹಿಡಿಯಿತು. ಅದರ ಮೇಲೆ ಕಾಗೆ ಕೂತರೆ ಚಿತ್ರ ಬರುತ್ತಿತ್ತು, ಹಾರಿದರೆ ಹೋಗುತ್ತಿತ್ತು.

ಶಾಲಾ ಮಕ್ಕಳಿಗೆಂದೇ ಬೆಳಿಗ್ಗೆ ಹತ್ತರ ಮೇಲೆ ದಿಲ್ಲಿಯಿಂದ ಇಪ್ಪತ್ತು ನಿಮಿಷದ ಒಂದು ಕಾರ್ಯಕ್ರಮ ಬರುತ್ತಿತ್ತು, ವಾರಕ್ಕೊಂದು ಸಲ. ಪೂರ್ತಿ ಹಿಂದಿಯಲ್ಲಿ. ನಾವು ಅರವತ್ತು ಮಕ್ಕಳು. ಅರ್ಧದಷ್ಟು ಮನೆಗಳಲ್ಲಿ ಕೊಂಕಣಿ, ಉಳಿದವುಗಳಲ್ಲಿ ಒಂದೊಂದು ಬಗೆಯ ಕನ್ನಡ. ಹಿಂದಿ ಬಲ್ಲವರು ಊರಲ್ಲಿ ಒಬ್ಬರೂ ಇರಲಿಲ್ಲ. ಆಗ ಹೆಡ್‌ಮಾಸ್ತರರಿಗೆ ನೆನಪಾದವರು ನಮ್ಮ ಅಕ್ಕೋರು. ನಮ್ಮ ಕಡೆ ಪಾಠ ಹೇಳುವ ಹೆಂಗಸರನ್ನು ಟೀಚರ್ ಎನ್ನುವುದಿಲ್ಲ, ಅಕ್ಕೋರು ಎನ್ನುತ್ತೇವೆ. ಈ ಅಕ್ಕೋರು ಕಾರವಾರದಿಂದ ಬಸ್ಸಿನಲ್ಲಿ ಬರುತ್ತಿದ್ದರು. ಗಿಡ್ಡ, ಗಟ್ಟಿ ಆಳು. ಭುಜದ ಮೇಲೆ ಯಾವಾಗಲೂ ಒಂದು ಕಂದು ಬಣ್ಣದ ಬ್ಯಾಗು. ಅವರ ಗಂಡ ಮುಂಬೈ ಬಂದರಿನಲ್ಲಿ ಕೆಲಸಕ್ಕಿದ್ದರು. ಗಂಡ ಮುಂಬೈಯಲ್ಲಿದ್ದ ಮೇಲೆ ಹೆಂಡತಿಗೆ ಹಿಂದಿ ಬಂದೇ ಬರುತ್ತದೆ ಎಂದು ಹೆಡ್‌ಮಾಸ್ತರರು ತೀರ್ಮಾನಿಸಿಬಿಟ್ಟರು. ಟಿವಿ ಜವಾಬ್ದಾರಿ ಒಪ್ಪದವರು ಮನೆಮನೆ ಸುತ್ತಿ ಜನಗಣತಿ ಮಾಡಬೇಕಾಗಿತ್ತು. ಅಕ್ಕೋರು ಅರೆಕ್ಷಣ ಯೋಚಿಸಿ, "ಹಿಂದಿ ಬರ್ತದೆ," ಎಂದರು.

ಕಾರ್ಯಕ್ರಮದಲ್ಲಿ ಒಬ್ಬ ಮನುಷ್ಯ ಮೇಜಿನ ಹಿಂದೆ ನಿಂತಿರುತ್ತಿದ್ದ. ಯಾವಾಗಲೂ ಸ್ವೆಟರ್. ಅವನನ್ನು ನೋಡಿದರೆ ನಮಗೆ ಬೆವರು ಬರುತ್ತಿತ್ತು. ಮೇಜಿನ ಮೇಲೆ ಬಟ್ಟೆಯಲ್ಲಿ ಮಾಡಿದ ಒಂದು ಕತ್ತೆ. ಮೇಜಿನ ಕೆಳಗಿಂದ ಯಾರೋ ಕೈ ಹಾಕಿ ಅದನ್ನು ಕುಣಿಸುತ್ತಿದ್ದರು. ಆ ಕೈಯ ಮೊಣಗಂಟು ಆಗಾಗ ಕಾಣಿಸಿದರೂ ನಾವು ಕಂಡದ್ದನ್ನು ಹೊರಗೆ ಹೇಳುತ್ತಿರಲಿಲ್ಲ, ಕತ್ತೆಯ ಮರ್ಯಾದೆಯ ಪ್ರಶ್ನೆ. ಮನುಷ್ಯ ಏನೇ ಹೇಳಿದರೂ ಕತ್ತೆ "ಕ್ಯೂಂ?", ಅಂದರೆ ಯಾಕೆ, ಎಂದು ಕೇಳುತ್ತಿತ್ತು. ಮನುಷ್ಯ ವಿವರಿಸುತ್ತಿದ್ದ. ಕತ್ತೆ ಮತ್ತೆ "ಕ್ಯೂಂ?" ಎನ್ನುತ್ತಿತ್ತು. ಎರಡು ವಾರದೊಳಗೆ ಇಡೀ ಅವರ್ಸಾದ ಮಕ್ಕಳು ಮನೆಯಲ್ಲಿ ಏನು ಹೇಳಿದರೂ "ಕ್ಯೂಂ?" ಅನ್ನತೊಡಗಿದರು. ನನ್ನ ಅಜ್ಜಿ ಅದೊಂದು ಹೊಸ ಕೆಮ್ಮು ಎಂದು ತಿಳಿದು ಬಿಸಿನೀರು ಕುಡಿಸಿದಳು.

ಟಿವಿಯ ಪಕ್ಕದಲ್ಲಿ ಬೆತ್ತ ಹಿಡಿದು ನಿಂತ ಅಕ್ಕೋರು ಒಂದೊಂದು ಮಾತನ್ನೂ ಕನ್ನಡಕ್ಕೆ ಹೇಳುತ್ತಿದ್ದರು. ಏನು ಧೈರ್ಯ ಎಂದು ಈಗ ಅನಿಸುತ್ತದೆ. ಒಂದು ದಿನ ಸ್ವೆಟರಿನವನು ಗಿಡವೊಂದನ್ನು ಕುಂಡದಿಂದ ಕಿತ್ತು, ಬೇರು ತೋರಿಸಿ, "ಯೇ ಜಡ್ ಹೈ" ಎಂದ. ಅಕ್ಕೋರು, "ಈ ಗಿಡ ಜಡ ಅಂತೆ. ಜಡ ಅಂದ್ರೆ ಆಲಸಿ. ನೀರು ಹಾಕಿದ್ರೂ ಬೆಳೆಯೂದಿಲ್ಲ, ಅದ್ಕೇ ಕಿತ್ತು ಬಿಸಾಡ್ತಾರೆ. ನೀವೂ ಹಾಗೆ ಕೂತ್ಕೊಂಡ್ರೆ ನಿಮ್ಮನ್ನೂ ಕೀಳೂದೆ," ಎಂದರು. ಪಾಠಕ್ಕೆ ಪಾಠ, ಬುದ್ಧಿಮಾತಿಗೆ ಬುದ್ಧಿಮಾತು. ಇನ್ನೊಂದು ದಿನ ಮೋಡದ ಚಿತ್ರ ತೋರಿಸಿ "ಬಾದಲ್" ಎಂದಾಗ, "ಮಳೆ ಬಂದ್ರೆ ಎಲ್ಲ ಬದಲ್ ಆಗ್ತದೆ ಅಂದೇಳಿ ಹೇಳ್ತಿದ್ದ," ಎಂದರು. ಅದು ತಪ್ಪು ಎಂದು ಇಂದಿಗೂ ಹೇಳಲಾರೆ.

ಚುಂಬಕದ ದಿನ ಮಾತ್ರ ಅನಾಹುತವಾಯಿತು. ಸ್ವೆಟರಿನವನು ಕುದುರೆ ಲಾಳದ ಆಕಾರದ ಏನನ್ನೋ ಎತ್ತಿ ಹಿಡಿದು, ಬಹಳ ಸಂತೋಷದಿಂದ, "ಚುಂಬಕ್!" ಎಂದ. ಕತ್ತೆ "ಚುಂಬಕ್?" ಎಂದು ಕೇಳಿತು. "ಹಾಂ, ಚುಂಬಕ್!" ಅರವತ್ತು ಮಕ್ಕಳು ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ಸಿನಿಮಾ ಹಾಡುಗಳ ಪುಣ್ಯದಿಂದ ಚುಂಬನ ಎಂದರೇನೆಂದು ಎಲ್ಲರಿಗೂ ಗೊತ್ತಿತ್ತು. ಹಿಂದಿನ ಸಾಲಿನಲ್ಲಿ ಮೊದಲು ಯಾರೋ ಕಿಸಕ್ಕೆಂದರು. ಆಮೇಲೆ ಇಡೀ ಕೋಣೆ ಬಿದ್ದು ಬಿದ್ದು ನಕ್ಕಿತು. ಅಷ್ಟರಲ್ಲಿ ಪರದೆಯ ಮೇಲೆ ಎರಡು ಲಾಳಗಳು ಹತ್ತಿರ ಬಂದು ಟಪ್ಪೆಂದು ಅಂಟಿಕೊಂಡವು. ಅಕ್ಕೋರ ಮುಖ ಕೆಂಪಾಯಿತು. "ಇದು ದೊಡ್ಡವರ ಕಾರ್ಯಕ್ರಮ," ಎಂದು ಟಿವಿ ಆರಿಸಿ, ಹದಿನೇಳರ ಮಗ್ಗಿ ಹೇಳಿಸಿದರು. ನಾನು ಕೆಲಸಕ್ಕೆ ಸೇರಿದ ಹೊಸದರಲ್ಲಿ, ತರಬೇತಿಗೆ ಬಂದಿದ್ದ ಉತ್ತರದ ಕಡೆಯ ಹಿರಿಯರೊಬ್ಬರು ಬೋರ್ಡಿನ ಮುಂದೆ ನಿಂತು ಗಂಭೀರವಾಗಿ ಚುಂಬಕ್ ಎಂದಾಗ ಕ್ಲಾಸಿನಲ್ಲಿ ನಕ್ಕವನು ನಾನೊಬ್ಬನೇ. ಎಬ್ಬಿಸಿ ನಿಲ್ಲಿಸಿದರು.

ಆದರೆ ನನ್ನ ಮನಸ್ಸಿನಲ್ಲಿ ಎಲ್ಲಕ್ಕಿಂತ ಗಟ್ಟಿಯಾಗಿ ಕೂತದ್ದು ಇರುವೆಯ ಪಾಠ. ಇರುವೆಗಳು ಒಂದಕ್ಕೊಂದು ಚೀಟಿ ಬರೆಯುತ್ತವೆ, ಸಾಲಿನಲ್ಲಿ ಎದುರುಬದುರಾದಾಗ ನಿಂತು ಚೀಟಿ ಬದಲಾಯಿಸಿಕೊಳ್ಳುತ್ತವೆ, ಸಕ್ಕರೆ ಎಲ್ಲಿದೆ, ಬೆಲ್ಲ ಯಾರ ಮನೆಯಲ್ಲಿದೆ ಎಂಬುದೆಲ್ಲ ಹೀಗೆ ಊರಿಗೆಲ್ಲ ತಿಳಿಯುತ್ತದೆ. ಕೆಂಪು ಇರುವೆಗಳು, ತಲೆಯ ಮೇಲೆ ಹಿಡಿದ ಬಿಳಿ ಚೀಟಿಗಳು. ಕತ್ತೆ ಕೇಳುತ್ತದೆ: "ಓದಲಿಕ್ಕೆ ಬಾರದ ಇರುವೆ ಎಂತ ಮಾಡ್ತದೆ?" ಉತ್ತರ: "ಪಕ್ಕದ ಇರುವೆ ಹತ್ರ ಓದಿಸ್ಕೊಳ್ತದೆ." ಕಣ್ಣು ಮುಚ್ಚಿದರೆ ಈಗಲೂ ಒಂದೊಂದು ದೃಶ್ಯವೂ ಕಾಣುತ್ತದೆ.

ಆ ಪಾಠ ಕೇಳಿದ ಸಂಜೆಯೇ ನಾನು, ನನ್ನ ಪಕ್ಕ ಕೂರುತ್ತಿದ್ದ ಮೀನುಗಾರರ ಮನೆಯ ಹುಡುಗಿ, ಇಬ್ಬರೂ ಶಾಲೆಯ ಹಿಂದಿನ ಗೋಡೆಯ ಬುಡದಲ್ಲಿದ್ದ ಇರುವೆ ಗೂಡು ಅಗೆದೆವು. ಅಗೆದದ್ದು ಅವಳು. ನಾನು ಯಾರಾದರೂ ಬರುತ್ತಾರಾ ಎಂದು ನೋಡುತ್ತಿದ್ದೆ. ಮೊಣಕೈವರೆಗೆ ಕಚ್ಚಿಸಿಕೊಂಡಳು. ಕೊನೆಗೆ ಒಂದು ಸಣ್ಣ ಕಾಗದದ ಚೂರು ಸಿಕ್ಕಿತು. ಯಾವುದೋ ಬೆಂಕಿಪೊಟ್ಟಣದ ಲೇಬಲ್ ಹರಿದದ್ದಿರಬೇಕು, ಅದರಲ್ಲಿ ಎರಡು ಹಿಂದಿ ಅಕ್ಷರಗಳಿದ್ದವು. "ಸಿಕ್ತು!" ಎಂದು ಅವಳು ಕಿರುಚಿದ್ದು ಸಮುದ್ರದವರೆಗೆ ಕೇಳಿಸಿರಬೇಕು.

ಮುಂದಿನ ತಿಂಗಳು ಅಂಕೋಲಾದಲ್ಲಿ ತಾಲ್ಲೂಕಿನ ಶಾಲೆಗಳ ವಿಜ್ಞಾನ ಪ್ರದರ್ಶನ. ಬೇರೆ ಶಾಲೆಯವರು ಜ್ವಾಲಾಮುಖಿ, ಹಲ್ಲಿನ ಮಾದರಿ, ಸೌರಮಂಡಲ ತಂದಿದ್ದರು. ನಮ್ಮ ಶಾಲೆಯ ಚಾರ್ಟಿನ ಮೇಲೆ ಬರೆದದ್ದು: "ಇರುವೆಗಳ ಅಂಚೆ ವ್ಯವಸ್ಥೆ". ನಡುವೆ ಆ ಚೂರನ್ನು ಅಂಟಿಸಿ ಬಾಣದ ಗುರುತು ಹಾಕಿದ್ದೆವು. ತೀರ್ಪುಗಾರರು ಕನ್ನಡಕದ ಹೈಸ್ಕೂಲು ಮಾಸ್ತರರು. ಚಾರ್ಟನ್ನು ಬಹಳ ಹೊತ್ತು ನೋಡಿದರು.

"ಇರುವೆ ಚೀಟಿ ಬರೀತದಾ?" ಎಂದು ಕೇಳಿದರು.

ನಾನು ಗೂಡು ಅಗೆದವಳ ಕಡೆ ನೋಡಿದೆ. ಗೆಳತಿ, "ಹೌದು ಸರ್," ಎಂದಳು.

"ಯಾರು ಹೇಳಿರು?"

"ಟಿವಿಲಿ ತೋರ್ಸಿರು ಸರ್. ದಿಲ್ಲಿಂದ."

ಮಾಸ್ತರರು ಕನ್ನಡಕ ಸರಿಮಾಡಿಕೊಂಡರು. ಅವರ ಹೈಸ್ಕೂಲಿಗೆ ಟಿವಿ ಇನ್ನೂ ಬಂದಿರಲಿಲ್ಲ. ದಿಲ್ಲಿಯವರು ಹೇಳಿದ್ದನ್ನು ಅಂಕೋಲಾದಲ್ಲಿ ನಿಂತು ಸುಳ್ಳು ಎನ್ನುವುದು ಹೇಗೆ? ಸ್ವಲ್ಪ ಯೋಚಿಸಿ, "ಯಾವ ಭಾಷೆಲಿ ಬರೀತವೆ?" ಎಂದು ಕೇಳಿದರು. ಅಲ್ಲಿ ಸಿಕ್ಕಿಬೀಳುತ್ತೇವೆ ಎಂದು ಅವರ ಎಣಿಕೆ ಇರಬೇಕು.

ಗೆಳತಿ ಕಾಗದದ ಚೂರಿನ ಮೇಲೆ ಬೆರಳಿಟ್ಟು, "ಹಿಂದಿಲಿ," ಎಂದಳು.

ನಮಗೆ ಎರಡನೇ ಬಹುಮಾನ ಬಂತು. ಒಂದು ಕಂಪಾಸ್ ಪೆಟ್ಟಿಗೆ. ಒಳಗಿನ ಸಾಮಾನು ನನಗೆ, ಪೆಟ್ಟಿಗೆ ಅವಳಿಗೆ. ಅವಳು ಅದರಲ್ಲಿ ಗಾಳದ ಮುಳ್ಳು ಇಟ್ಟುಕೊಂಡಳು. ಶಾಲೆಯಲ್ಲಿ ಹೆಡ್‌ಮಾಸ್ತರರು ಅಕ್ಕೋರನ್ನು ಹೊಗಳಿದರು. ಅಕ್ಕೋರು ಸೆರಗು ಸರಿಮಾಡಿಕೊಂಡು ಕಿಟಕಿಯ ಹೊರಗೆ ನೋಡುತ್ತಿದ್ದರು. ವಿನಯ ಅಂದುಕೊಂಡಿದ್ದೆವು.

ಇದಿಷ್ಟನ್ನೂ ಮಗಳಿಗೆ ಹೇಳಿದೆ. ಅವಳು ಮೊಬೈಲಿನಲ್ಲಿ ಹುಡುಕಿದಳು. ಕತ್ತೆ ಹಾಲಿನ ಸೋಪು ಬಂತು, ಕತ್ತೆ ಸಾಕಣೆಗೆ ಸಬ್ಸಿಡಿ ಬಂತು, ನನ್ನ ಕತ್ತೆ ಬರಲಿಲ್ಲ. ನಾನೂ ಒಂದು ವಾರ ಹುಡುಕಿದೆ. ಹಳೆಯ ಕಾರ್ಯಕ್ರಮಗಳನ್ನು ಪ್ರೀತಿಯಿಂದ ಕೂಡಿಟ್ಟವರು ಎಷ್ಟೋ ಜನ ಇದ್ದಾರೆ. ಜಾಹೀರಾತುಗಳನ್ನು ಬಿಟ್ಟಿಲ್ಲ, "ಅಡಚಣೆಗಾಗಿ ಕ್ಷಮಿಸಿ" ಎಂಬ ಫಲಕವನ್ನೂ ಬಿಟ್ಟಿಲ್ಲ. ಕತ್ತೆಯ ಸುಳಿವು ಮಾತ್ರ ಇಲ್ಲ. ನಮ್ಮ ಕ್ವಾರ್ಟರ್ಸಿನಲ್ಲಿ ಹಿಂದಿ ನಾಡಿನಿಂದ ಬಂದ ನನ್ನ ವಯಸ್ಸಿನವರು ಬೇಕಾದಷ್ಟು ಜನ ಇದ್ದಾರೆ. ಎದುರು ಮನೆಯವನನ್ನು ತಡೆದು, "ಚಿಕ್ಕವನಿದ್ದಾಗ ಟಿವಿಯಲ್ಲಿ ಒಂದು ಕತ್ತೆ ನೋಡಿದ್ದು ನೆನಪಿದೆಯಾ?" ಎಂದು ನನ್ನ ಹರಕು ಹಿಂದಿಯಲ್ಲಿ ಕೇಳಿದೆ. ಅದು ಅವನಿಗೆ ಹೇಗೆ ಕೇಳಿಸಿತೋ. ಎರಡು ದಿನ ಮಾತಾಡಲಿಲ್ಲ.

"ಪಪ್ಪಾ, ನಿಂಗೆ ಕನಸು ಬಿದ್ದಿರ್ಬೇಕು," ಎಂದಳು ಮಗಳು. ತಮಾಷೆಗೇ ಹೇಳಿದ್ದು. ಆದರೂ ನನಗೆ ನೋವಾಯಿತು. ನಲವತ್ತೈದು ದಾಟಿದವನು ಬಾಲ್ಯದ ಒಂದು ಬಟ್ಟೆಯ ಕತ್ತೆಗೆ ಸಾಕ್ಷಿ ಹುಡುಕಿಕೊಂಡು ತಿರುಗುವುದು ಎಂಥ ಅವಸ್ಥೆ ಎಂದು ನಗುವೂ ಬಂತು.

ಸಾಕ್ಷಿ ಇದ್ದದ್ದು ಅಂಕೋಲಾ ಮೀನು ಮಾರ್ಕೆಟ್ಟಿನಲ್ಲಿ. ಇರುವೆ ಗೂಡು ಅಗೆದ ಗೆಳತಿ ಈಗ ಅಲ್ಲಿ ಮೀನು ಮಾರುತ್ತಾಳೆ. ಅವಳ ಮಗಳು ನರ್ಸಿಂಗ್ ಓದುತ್ತಿದ್ದಾಳೆ, ಗಂಡನಿಗೆ ಸ್ವಂತ ದೋಣಿ ಇದೆ, ನಾಲಿಗೆ ಮೊದಲಿಗಿಂತ ಹರಿತವಾಗಿದೆ. ಭಾನುವಾರ ಹೋದೆ. ಎದುರಿಗೆ ಬಂಗಡೆ ರಾಶಿ ಹಾಕಿಕೊಂಡು ಕೂತಿದ್ದಳು.

"ನಮ್ ಶಾಲೆ ಟಿವಿಲಿ ಒಂದು ಕತ್ತೆ ಬರ್ತಿತ್ತಲ್ಲ, ನೆನಪಿತ್ತಾ?" ಎಂದು ಕೇಳಿದೆ.

"ನೆನಪಿಲ್ದೆ? ಈಗ ಎದ್ರಿಗೇ ನಿಂತ ಹಾಗೆ ಕಾಣ್ತದೆ," ಎಂದು ನನ್ನ ಮುಖ ನೋಡಿದಳು. ಪಕ್ಕದ ಬುಟ್ಟಿಯ ಹೆಂಗಸರೆಲ್ಲ ನಕ್ಕರು.

ನನಗೆ ಬೇಸರವಾಗಲಿಲ್ಲ. ಪ್ರಪಂಚದಲ್ಲಿ ಇನ್ನೊಬ್ಬರು ಕತ್ತೆಯನ್ನು ಕಂಡವರಿದ್ದಾರೆ ಎಂಬುದೇ ಸಾಕಾಗಿತ್ತು. ಉತ್ಸಾಹದಿಂದ ಇರುವೆ ಪಾಠ ನೆನಪು ಮಾಡಿದೆ. ಕೆಂಪು ಇರುವೆ, ಬಿಳಿ ಚೀಟಿ, ಸಾಲುಸಾಲು.

ಗೆಳತಿ ಗಿರಾಕಿಗೆ ಮೀನು ಕಟ್ಟಿಕೊಡುತ್ತಿದ್ದವಳು ಅಲ್ಲೇ ನಿಂತಳು. "ಕೆಂಪಾ? ಕೆಂಪೆಲ್ಲಿಂದ ಬಂತೋ ಮಾರಾಯಾ? ಅದು ಬ್ಲ್ಯಾಕ್ ಎಂಡ್ ವೈಟ್ ಟಿವಿ ಆಗಿತ್ತಲ್ಲ!"

ಹೌದು. ಕಪ್ಪುಬಿಳುಪು. ಸ್ವೆಟರಿನ ಬಣ್ಣ ಯಾವುದೆಂದು ನಾವು ಪಂದ್ಯ ಕಟ್ಟುತ್ತಿದ್ದೆವು, ಅದು ಕೊನೆಗೂ ತೀರ್ಮಾನವಾಗಲಿಲ್ಲ. ಆದರೂ ಇರುವೆ ಕೆಂಪು. ಅದರಲ್ಲಿ ನನಗೆ ಅನುಮಾನವೇ ಇಲ್ಲ.

"ನಿಂಗೆ ಯಾವ ಬಣ್ಣ ಕಾಣ್ತದೆ?" ಎಂದು ಅವಳನ್ನು ಕೇಳಿದೆ.

ಅವಳು ಚಾಕು ಕೆಳಗಿಟ್ಟು ಯೋಚಿಸಿದಳು. ಮುಖದ ಮೇಲಿನ ನಗು ಹೋಯಿತು. "ಕೆಂಪೇ ಕಾಣ್ತದಲ್ಲೋ," ಎಂದಳು.

ಇದನ್ನು ಬಿಡಿಸಬಲ್ಲವರು ಒಬ್ಬರೇ. ಅಕ್ಕೋರು ನಿವೃತ್ತರಾಗಿ ಕಾರವಾರದಲ್ಲಿ ಮಗಳ ಮನೆಯಲ್ಲಿದ್ದಾರೆ ಎಂದು ಗೆಳತಿಗೆ ಗೊತ್ತಿತ್ತು. ಸೋಮವಾರ ನಮ್ಮ ಕಡೆ ಹೆಚ್ಚಿನವರು ಮೀನು ಮುಟ್ಟುವುದಿಲ್ಲ, ವ್ಯಾಪಾರ ಕಡಿಮೆ, ಹಾಗಾಗಿ ಮರುದಿನವೇ ಹೊರಡುವುದೆಂದಾಯಿತು. ನಾನು ರಜೆ ಹಾಕಿ ಮಲ್ಲಾಪುರದಿಂದ ಬಂದೆ, ಅವಳು ಅವರ್ಸಾದಿಂದ ಬಂದಳು. ಕಾರವಾರದ ಬಸ್ ಸ್ಟ್ಯಾಂಡಿನಲ್ಲಿ ಇಬ್ಬರೂ ಸೇರಿ ರಿಕ್ಷಾ ಹತ್ತಿದೆವು. ಅವಳ ಕೈಯಲ್ಲಿ ಒಂದು ಡಬ್ಬಿ ಇತ್ತು.

ಅಕ್ಕೋರು ಇನ್ನಷ್ಟು ಗಿಡ್ಡಗಾಗಿದ್ದರು. ಮೊಣಕಾಲಿಗೆ ಪಟ್ಟಿ ಕಟ್ಟಿಕೊಂಡು ಕುರ್ಚಿಯಲ್ಲಿ ಕೂತು ಪದಬಂಧ ತುಂಬುತ್ತಿದ್ದರು. ನಮ್ಮ ಗುರುತು ಸಿಗಲು ಸ್ವಲ್ಪ ಹೊತ್ತು ಬೇಕಾಯಿತು. ಸಿಕ್ಕ ಮೇಲೆ ಮೊದಲು ಕೇಳಿದ್ದು ಡಬ್ಬಿಯಲ್ಲಿ ಏನು ಎಂದು.

"ನೊಗಲಿ ಮೀನು ಅಕ್ಕೋರೇ," ಎಂದಳು ಗೆಳತಿ.

"ಸೋಮವಾರ ಮೀನು ತಂದ್ಯಲ್ಲೇ! ನಿಂಗೆ ನಾ ಎಂತ ಕಲ್ಸಿದ್ದೆ?"

"ಫ್ರಿಜ್ಜಿಲಿ ಇಡಿ. ನಾಳೆ ಮಂಗಳವಾರ ಬರ್ತದೆ ಅಂದೇಳಿ ನೀವೇ ಕಲ್ಸಿರಿ."

ಚಹಾ ಬಂತು. ನಾನು ಪ್ರಾಜೆಕ್ಟಿನ ವಿಷಯ ಹೇಳಿದೆ, ಕತ್ತೆಯ ವಿಷಯ ಹೇಳಿದೆ, ಹುಡುಕಿ ಸೋತದ್ದನ್ನೂ ಹೇಳಿದೆ. ಅಕ್ಕೋರು ಚಹಾ ಕುಡಿದು ಮುಗಿಸಿ ಕಪ್ಪು ಕೆಳಗಿಟ್ಟರು.

"ತಮಾ," ಎಂದರು ಆಮೇಲೆ, "ಈಗ ಹೇಳ್ತೆ. ನಂಗೆ ಹಿಂದಿ ಬರೂದಿಲ್ಲ. ಆಗ್ಲೂ ಬರ್ತಿರ್ಲಿಲ್ಲ. ಕಾಳಿ ಹೊಳೆ ಸಂಕ ದಾಟಿದ್ರೆ ಕೊಂಕಣಿ, ಇನ್ನೂ ಮುಂದೆ ಹೋದ್ರೆ ಮರಾಠಿ. ಹಿಂದಿ ಸಿಗುವಷ್ಟು ದೂರ ನಾ ಹೋಗ್ಲೇ ಇಲ್ಲ."

"ಅದು ನಮ್ಗೆ ಹೈಸ್ಕೂಲಿಗೆ ಹೋದ ಮೇಲೆ ಗೊತ್ತಾಯ್ತು ಅಕ್ಕೋರೇ," ಎಂದೆ.

"ಗೊತ್ತಾಗಿ ಸುಮ್ನಿದ್ರಾ? ಒಳ್ಳೇ ಮಕ್ಕಳು."

"ಚುಂಬಕ ಅಂದ್ರೆ ಎಂತ ಅಂತ್ಲೂ ಗೊತ್ತಿರ್ಲಿಲ್ವಾ?" ಎಂದು ಗೆಳತಿ ಕೇಳಿದಳು.

"ಅದು ಅಯಸ್ಕಾಂತ ಅಂದೇಳಿ ಕಂಡ ಕೂಡ್ಲೇ ಗೊತ್ತಾಯ್ತೇ. ಆದ್ರೆ ನಿಮ್ಮ ನಗು ನಿಲ್ಬೇಕಲ್ಲ? ಅರವತ್ತು ಮಕ್ಕಳು ಹಲ್ಲು ಕಿಸ್ಕೊಂಡು ಕುಂತಿರಿ. ನಂಗೂ ನಗು ಬರ್ತಿತ್ತು. ಅಕ್ಕೋರು ನಕ್ರೆ ಮುಗೀತು ಕತೆ. ಅದ್ಕೆ ಮಗ್ಗಿ ಹೇಳ್ಸಿದೆ."

ಆಮೇಲೆ ನಾನು ಇರುವೆಯ ಮಾತು ತೆಗೆದೆ. ಕಪ್ಪುಬಿಳುಪು ಟಿವಿಯಲ್ಲಿ ಇರುವೆ ಕೆಂಪಾಗಿ ಕಂಡದ್ದು ಹೇಗೆ, ಅದೂ ಇಬ್ಬರಿಗೂ?

ಅಕ್ಕೋರು ನಮ್ಮಿಬ್ಬರನ್ನೂ ನೋಡಿದರು. "ಆ ದಿವ್ಸ ಕರೆಂಟೇ ಇಲ್ಲಾಗಿತ್ತಲ್ಲ," ಎಂದರು.

ಹಿಂದಿನ ರಾತ್ರಿ ಗಾಳಿಗೆ ಲೈನಿನ ಮೇಲೆ ತೆಂಗಿನಮರ ಬಿದ್ದಿತ್ತಂತೆ. ಹೆಡ್‌ಮಾಸ್ತರರು ಅಂಕೋಲಾಕ್ಕೆ ಮೀಟಿಂಗಿಗೆ ಹೋಗಿದ್ದರು. ನಾವೆಲ್ಲ ಹತ್ತು ಗಂಟೆಗೆ ಸರಿಯಾಗಿ ಸತ್ತ ಟಿವಿಯ ಮುಂದೆ ಬಂದು ಕೂತೆವು. ಕತ್ತೆ ಇವತ್ತು ಬರುವುದಿಲ್ಲ ಎಂದು ಅಕ್ಕೋರು ಹೇಳಿದಾಗ ಮುಂದಿನ ಸಾಲಿನ ಇಬ್ಬರು ಅಳತೊಡಗಿದರು. ಎದ್ದು ಹೋಗಿ ಎಂದರೆ ಯಾರೂ ಏಳಲಿಲ್ಲ. ಹಿಂದಿನ ವಾರ ಕಾರ್ಯಕ್ರಮ ಮುಗಿಯುವಾಗ ಸಾಲುಗಟ್ಟಿದ ಇರುವೆಗಳನ್ನು ತೋರಿಸಿ, ಮುಂದಿನ ವಾರ ಚೀಂಟಿ ಎಂದು ಸ್ವೆಟರಿನವನು ಹೇಳಿದ್ದ. ಅಕ್ಕೋರಿಗೆ ಸಿಕ್ಕ ಸಾಮಗ್ರಿ ಅಷ್ಟೇ. ಇರುವೆಯ ಚಿತ್ರ, ಚೀಟಿ ಎಂಬಂತೆ ಕೇಳಿಸಿದ ಒಂದು ಶಬ್ದ.

"ಚೀಟಿಗೂ ಇರುವೆಗೂ ಎಂತ ಸಂಬಂಧ ಅಂದೇಳಿ ಇಡೀ ವಾರ ಬಸ್ಸಲ್ಲಿ ಕುಂತು ಯೋಚ್ನೆ ಮಾಡಿದ್ದೆ," ಎಂದರು. "ಟಿವಿ ಬಂದ್ರೆ ನೋಡಿ ಹೇಳೂದು ಅಂದ್ಕೊಂಡಿದ್ದೆ. ಬರ್ಲಿಲ್ಲ. ನೀವು ಏಳ್ಲಿಲ್ಲ. ಅದ್ಕೆ ಟಿವಿ ಮೇಜಿನ ಹಿಂದೆ ನಾನೇ ಕುಂತೆ. ನನ್ನ ಕಂದು ಬ್ಯಾಗು ಮೇಲೆ ಎತ್ತಿ ಹಿಡ್ದೆ. ಎರಡು ಹಿಡಿಕೆ, ಎರಡು ಕಿವಿ. ಕತ್ತೆ ಆಯ್ತು. ಬೋರ್ಡಿನ ಮೇಲೆ ಮೊದ್ಲೇ ಇರುವೆ ಬರೆದಿದ್ದೆ."

"ಕೆಂಪು ಸೀಮೆಸುಣ್ಣದಲ್ಲಿ," ಎಂದೆ.

"ಕೆಂಪು ಸೀಮೆಸುಣ್ಣ ಒಂದೇ ತುಂಡಿತ್ತು. ಇರುವೆಗೇ ಮುಗೀತು. ಚೀಟಿ ಬಿಳಿದು."

ಗೆಳತಿ ತೊಡೆ ಬಡಿದುಕೊಂಡು ನಗಲಾರಂಭಿಸಿದಳು. "ಬ್ಯಾಗಾಗಿತ್ತು! ಹೌದು ಮಾರಾಯಾ, ಬ್ಯಾಗು! ಬಾಯಿ ತೆಗೆದ್ರೆ ಒಳಗೆ ಬಸ್ ಟಿಕೀಟು ಕಾಣ್ತಿತ್ತು!" ಎಂದಳು. ಒಮ್ಮೆ ಬಾಗಿಲು ತೆರೆದದ್ದೇ ತಡ, ಅವಳಿಗೆ ಎಲ್ಲ ನೆನಪಾಯಿತು. ನನಗೆ ಬೇಗ ನಗು ಬರಲಿಲ್ಲ. ಮೂವತ್ತೈದು ವರ್ಷ ನಾನು ಜತನವಾಗಿ ಕಾಪಾಡಿಕೊಂಡು ಬಂದಿದ್ದ ದೃಶ್ಯ, ಸ್ವೆಟರಿನವನು, ಕತ್ತೆ, ಅದರ ಹಿಂದಿ, ಎಲ್ಲವೂ ಒಂದು ಗಿಡ್ಡ ಹೆಂಗಸು ಮೇಜಿನ ಹಿಂದೆ ಕುಕ್ಕರುಗಾಲಲ್ಲಿ ಕೂತು ಎರಡು ದನಿಯಲ್ಲಿ ಮಾತಾಡಿದ್ದು. ಅದಕ್ಕೆ ನನ್ನ ತಲೆ ತಾನಾಗಿಯೇ ಟಿವಿಯ ಚೌಕಟ್ಟು ಹಾಕಿಕೊಂಡಿತ್ತು.

"ಹೀಗೆ ಎಷ್ಟು ಸಲ ಮಾಡಿರಿ ಅಕ್ಕೋರೇ?" ಎಂದು ಕೇಳಿದೆ.

"ಲೆಕ್ಕ ಯಾರು ಇಟ್ಟಿದ್ರು? ಅವರ್ಸೆಲಿ ಆಗ ಕರೆಂಟು ಇದ್ದದ್ದೇ ಅಪರೂಪ."

"ಮತ್ತೆ ಕತ್ತೆ? ಕತ್ತೆಯಾದ್ರೂ ನಿಜವಾಗ್ಲೂ ಇತ್ತಾ?"

ಅಕ್ಕೋರಿಗೆ ಸ್ವಲ್ಪ ಸಿಟ್ಟು ಬಂದಂತೆ ಕಂಡಿತು. "ಇತ್ತೋ! ಕತ್ತೆ ದಿಲ್ಲಿದೇ. ಬುದ್ಧಿ ಮಾತ್ರ ನಂದು," ಎಂದರು. ಆಮೇಲೆ ದನಿ ತಗ್ಗಿಸಿ, "ಅಂಕೋಲೆಲಿ ನಿಮ್ಗೆ ಬಹುಮಾನ ಬಂತಲ್ಲ, ಆವತ್ತು ಮಾತ್ರ ನಂಗೆ ನಿದ್ದೆ ಬರ್ಲಿಲ್ಲ. ಮಕ್ಕಳಿಗೆ ಸುಳ್ಳು ಕಲ್ಸಿದೆ, ಆ ಸುಳ್ಳಿಗೆ ಮೆಡಲ್ಲು ಬಂತು ಅಂದೇಳಿ. ಹೆಡ್‌ಮಾಸ್ತರ್ರಿಗೆ ಹೇಳಿಬಿಡೂದು ಅಂದ್ಕೊಂಡೆ. ಹೇಳಿದ್ರೆ ಜನಗಣತಿಗೆ ಹಾಕ್ತಿದ್ರು," ಎಂದರು.

"ಮೆಡಲ್ ಅಲ್ಲ ಅಕ್ಕೋರೇ, ಕಂಪಾಸ್ ಪೆಟ್ಟಿಗೆ," ಎಂದಳು ಗೆಳತಿ.

ನಾನು ಅವರಿಗೆ ಇನ್ನೊಂದು ವಿಷಯ ಹೇಳಿದೆ. ಇರುವೆಗಳು ನಿಜವಾಗಿಯೂ ಒಂದಕ್ಕೊಂದು ಸುದ್ದಿ ಮುಟ್ಟಿಸುತ್ತವೆ. ನಡೆದ ದಾರಿಯಲ್ಲಿ ಒಂದು ವಾಸನೆ ಬಿಟ್ಟು ಹೋಗುತ್ತವೆ, ಹಿಂದೆ ಬರುವ ಇರುವೆ ಅದನ್ನು ಹಿಡಿದು ಸಕ್ಕರೆಯ ಹತ್ತಿರ ತಲುಪುತ್ತದೆ. ಕಾಗದ ಇಲ್ಲ ಎಂಬುದನ್ನು ಬಿಟ್ಟರೆ ನೀವು ಹೇಳಿದ್ದರಲ್ಲಿ ದೊಡ್ಡ ತಪ್ಪೇನೂ ಇರಲಿಲ್ಲ. ಅಕ್ಕೋರು ಗಮನವಿಟ್ಟು ಕೇಳಿದರು. "ಹೌದನಾ?" ಎಂದರು. "ಹಾಗಾದ್ರೆ ನಮ್ಗೆ ಮೊದಲ್ನೇ ಬಹುಮಾನ ಬರ್ಬೇಕಾಗಿತ್ತು."

ಮಗಳ ಪ್ರಾಜೆಕ್ಟಿನಲ್ಲಿ ಮೊದಲು ನಾನು ಹೇಳಿದ್ದಿತ್ತು. ಅದನ್ನು ಅವಳು ಹರಿದು ಹಾಕಿ ಹೊಸದಾಗಿ ಬರೆದಳು. ಅಂಟಿಸಲು ಫೋಟೊ ಇರಲಿಲ್ಲವಾದ್ದರಿಂದ ಮೇಜಿನ ಹಿಂದೆ ಅಡಗಿ ಕೂತ ಒಬ್ಬ ಹೆಂಗಸಿನ ಚಿತ್ರ ಬರೆದಳು. ಮಾಹಿತಿಯ ಮೂಲ ಎಂಬಲ್ಲಿ ಅವಳಿಗೆ ಅನುಮಾನ ಬಂತು. ನೇರವಾಗಿ ಅಕ್ಕೋರಿಗೇ ಫೋನ್ ಹಚ್ಚಿಕೊಟ್ಟೆ. ಐದು ನಿಮಿಷದಲ್ಲಿ ಮುಗಿಯುತ್ತದೆ ಅಂದುಕೊಂಡಿದ್ದೆ. ಮಗಳು ಬಾಲ್ಕನಿಗೆ ಹೋಗಿ ಬಾಗಿಲು ಎಳೆದುಕೊಂಡಳು. ಮುಕ್ಕಾಲು ಗಂಟೆ ನಗು ಕೇಳಿಸಿತು. ಒಳಗೆ ಬಂದು, ತಿಮಿಂಗಿಲದ ಪಾಠ ನಿನಗೆ ಗೊತ್ತಾ ಎಂದು ಕೇಳಿದಳು. ನನಗೆ ಗೊತ್ತಿರಲಿಲ್ಲ. ಅಂಥದೊಂದು ಪಾಠ ನಮ್ಮ ಶಾಲೆಯಲ್ಲಿ ಯಾವತ್ತೂ ಆಗಿರಲಿಲ್ಲ. ಗೆಳತಿಗೆ ಫೋನ್ ಮಾಡಿ ಕೇಳಿದೆ, ಅವಳಿಗೂ ಗೊತ್ತಿರಲಿಲ್ಲ.

ಶಾಲೆಯಲ್ಲಿ ಆ ಎರಡು ಪುಟದ ಕೆಳಗೆ ಕೆಂಪು ಶಾಯಿಯಲ್ಲಿ "ಚೆನ್ನಾಗಿದೆ, ಆದರೆ ಇದು ಟಿವಿ ಕಾರ್ಯಕ್ರಮವೇ?" ಎಂದು ಬರೆದು ಕಳಿಸಿದರು. ಹತ್ತಕ್ಕೆ ಏಳು ಕೊಟ್ಟಿದ್ದರು. ಪೌರಾಣಿಕ ಧಾರಾವಾಹಿಯ ಬಗ್ಗೆ ಬರೆದವರಿಗೆಲ್ಲ ಒಂಬತ್ತು ಬಂದಿತ್ತು. ಹೆಂಡತಿ ಇದನ್ನು ನನಗೆ ಎರಡು ಸಲ ಹೇಳಿದಳು.

ಈಗ ಭಾನುವಾರ ಮಧ್ಯಾಹ್ನ ಊಟವಾದ ಮೇಲೆ ನನ್ನ ಮೊಬೈಲಿಗೆ ಕಾರವಾರದಿಂದ ಕರೆ ಬರುತ್ತದೆ. ನಾನು ಆರೋಗ್ಯ ವಿಚಾರಿಸಲು ಬಾಯಿ ತೆರೆಯುತ್ತೇನೆ. "ಎಲ್ಲ ಆರಾಮ, ಹುಡುಗಿ ಹತ್ರ ಕ್ವಡು," ಎನ್ನುತ್ತಾರೆ. ಫೋನು ಬಾಲ್ಕನಿಗೆ ಹೋಗುತ್ತದೆ. ಕಳೆದ ವಾರ ಮಗಳು ವಾಪಸು ತಂದುಕೊಟ್ಟಾಗ, ಇವತ್ತು ಯಾವ ಪಾಠ ಎಂದು ಕೇಳಿದೆ.

"ನಿಂಗೆ ಹೇಳ್ಬಾರ್ದಂತೆ," ಎಂದಳು. "ನೀನು ಕೈಗಾದಲ್ಲಿ ಕೆಲಸ ಮಾಡ್ತೀಯಲ್ಲ, ತಪ್ಪು ಹುಡುಕ್ತೀಯಂತೆ."